ಜಂಬಗಿಯವರು ಕಂಬಿ ಬಿಟ್ಟದ್ದು

ಎಂಟು ಪ್ರವಾಸಿಗರ ವ್ಯಾನು ಆಲ್ಪ್ಸ್ ಬೆಟ್ಟದ ಹಳ್ಳಿ ಮುಟ್ಟಿತು. ಸರೋವರ ನೋಡಲು ಗೈಡ್ ಹತ್ತೇ ನಿಮಿಷ ಕೊಟ್ಟಳು. ನಿವೃತ್ತ ಅಧಿಕಾರಿ ಜಂಬಗಿಯವರು ಮೊದಲೇ ಓಡಿ ಸರೋವರದಂಚಿನ ಕಂಬಿ ಹಿಡಿದು ನಿಂತರು.

"ನನ್ನ ಫೋಟೊ ಮುಗಿಯೋತನಕ ಯಾರೂ ಹತ್ತಿರ ಬರಬೇಡಿ!"

ಗದಗಿನ ಟೇಲರ್ ನೀಲವ್ವ ಇಷ್ಟು ದೂರ ಬಂದದ್ದು ಅವರ ಬೆನ್ನು ನೋಡಲಿಕ್ಕಲ್ಲ. ಆಕೆ ತನ್ನ ಫೋನ್ ಚಾಚಿದಳು.

"ಸಾಹೇಬ್ರ, ನಿಮ್ಮಷ್ಟು ಚಲೋ ಫೋಟೊ ತೆಗಿಯೋರು ಇಲ್ಲಿ ಯಾರದಾರ್ರಿ? ನಮ್ಮದೊಂದು ತೆಗೀರಲ್ಲ."

ಜಂಬಗಿಯವರು ಉಬ್ಬಿಹೋಗಿ ಹಿಂದೆ ಸರಿದರು. ಏಳೂ ಜನ ಕಂಬಿಗೆ ಧಾವಿಸಿದರು. ಒಂದಾದ ಮೇಲೊಂದು ಏಳು ಫೋನು ಸಾಹೇಬರ ಕೈ ಸೇರಿದವು. ನೀಲವ್ವ ತನ್ನ ಫೋಟೊ ಮುಗಿದದ್ದೇ ತಿರುಗಿ ನಿಂತು, ಕಣ್ತುಂಬ ಸರೋವರ ನೋಡಿದಳು.

ಅಷ್ಟರಲ್ಲಿ ಗೈಡ್ ಹೊರಡಲು ಕರೆದಳು.

"ಅಯ್ಯೋ, ನಾನು ನೋಡಲೇ ಇಲ್ಲವಲ್ಲ!" ಎಂದರು ಜಂಬಗಿ.

"ಹಂಗ್ಯಾಕಂತೀರಿ ಸಾಹೇಬ್ರ? ನಾವು ಒಂದ ಸಲ ನೋಡಿದ್ವಿ. ನೀವು ಏಳು ಫೋನಿನ್ಯಾಗ ಏಳು ಸಲ ನೋಡೀರಿ!"