ಹೆಸರು ಅಳಿಸಲು ಹೊರಟ ಹಿಮ

ನನಗೆ ಇದನ್ನು ಹೇಳಿದ್ದು ಒಂದು ಪೆಂಗ್ವಿನ್. ಅದು ಸುಳ್ಳು ಹೇಳುವ ಜಾತಿಯಲ್ಲ.

ದಕ್ಷಿಣ ಧ್ರುವದ ಸಮುದ್ರದಲ್ಲಿ ಹಿಮವು ಒಂದು ಮರದ ಹಡಗನ್ನು ಹಿಡಿದು ಹಿಂಡುತ್ತಿತ್ತು. ನಾವಿಕರೆಲ್ಲ ಇಳಿದು ಜೀವ ಉಳಿಸಿಕೊಂಡಿದ್ದರು. ಹಡಗಿನ ಪಾಲಿಗೆ ಉಳಿದದ್ದು ಹಿಂಬದಿಯಲ್ಲಿ ಕೆತ್ತಿದ್ದ ತನ್ನ ಹೆಸರು ಮಾತ್ರ.

"ಸೋತೆ ಅನ್ನು, ಬಿಡುತ್ತೇನೆ," ಎಂದಿತು ಹಿಮ. "ಇಲ್ಲವಾದರೆ ಆ ಹೆಸರೂ ಉಳಿಯದಂತೆ ಮಾಡುತ್ತೇನೆ."

"ಮಾಡಪ್ಪ, ನಿನಗೆ ಬೇರೆ ಕೆಲಸವಾದರೂ ಏನಿದೆ?" ಎಂದ ಹಡಗು ಮುರಿದು, ಸಮುದ್ರದ ತಳಕ್ಕೆ ಹೋಗಿ ಕೂತಿತು.

ಹಿಮದ ಸಿಟ್ಟು ಇಳಿಯಲಿಲ್ಲ. ನೂರು ವರ್ಷ ಮೇಲೆಯೇ ಕೂತು ಚಳಿ ಸುರಿಯಿತು. ಅಲ್ಲಿನ ಮೀನುಗಳೂ ಹಲ್ಲು ಕಟಕಟಿಸುತ್ತಿದ್ದವಂತೆ.

ಕೊನೆಗೆ ಒಂದು ದಿನ ಹಡಗನ್ನು ಹುಡುಕುತ್ತ, ದೀಪ ಹೊತ್ತ ಕ್ಯಾಮೆರಾ ಇಳಿದು ಬಂತು. ಹಿಂಬದಿಗೆ ಬೆಳಕು ಹಿಡಿದು, ಹೆಸರನ್ನು ಒಂದಕ್ಷರ ಬಿಡದೆ ಗಟ್ಟಿಯಾಗಿ ಓದಿತು.

ಹಿಮ ಕಂಗಾಲಾಯಿತು. "ಮುಳುಗಿದ ಹಡಗುಗಳ ಮರ ತಿನ್ನುವ ಕಡಲ ಹುಳುಗಳೆಲ್ಲ ಎಲ್ಲಿ ಸತ್ತವು?"

"ನಿನ್ನ ಚಳಿಗೆ ಹೆದರಿ ಒಂದೂ ಇತ್ತ ತಲೆ ಹಾಕಲಿಲ್ಲ," ಎಂದಿತು ಹಡಗು. "ಇಷ್ಟು ಕಾಲ ನನ್ನನ್ನು ಕಾದವನು ನೀನೇ ಕಣಪ್ಪ."

"ಹಾಗಾದರೆ ಇನ್ನು ಕಾಯುವುದಿಲ್ಲ."

"ಧಾರಾಳವಾಗಿ ಬಿಡು. ನನ್ನ ಹೆಸರು ಅಳಿಯಬೇಕಾದರೆ ಮೊದಲು ನೀನು ಕರಗು."