ಡಿಶ್ಶಿನ ಮೇಲೆ ಕೂತ ಕಾಗೆ

ದೇವರ ದಯೆಗೆ ಕಪ್ಪು ಬಿಳುಪೆಂಬ ಭೇದವಿಲ್ಲ. ಅಂಗನವಾಡಿಯ ಮಾಡಿನ ಮೇಲೊಂದು ಡಿಶ್ ಇತ್ತು. ದೇಶದ ಮಕ್ಕಳಿಗೆಲ್ಲ ಸರ್ಕಾರ ನಡೆಸುವ ಮಕ್ಕಳ ಚಾನೆಲ್ಲನ್ನು ಆಕಾಶದಿಂದ ಇಳಿಸಿಕೊಡುವುದು ಅದರ ಕೆಲಸ.

"ಇವತ್ತು ಹಕ್ಕಿಗಳ ಪಾಠವಂತೆ, ಕಾಕಮ್ಮ. ಮೊದಲು ನಿನ್ನದೇ!" ಎಂದಿತು ಡಿಶ್, ಮಾಡಿನಂಚಿಗೆ ಬಂದಿಳಿದ ಕಾಗೆಗೆ.

ಕಾಗೆ ಹಿಗ್ಗಿದಳು. ತಿಥಿಯ ದಿನ ಬಿಟ್ಟರೆ ಅವಳನ್ನು ಕರೆದವರೇ ಇಲ್ಲ. ಉಳಿದ ದಿನವೆಲ್ಲ ಹುಶ್ ಎಂದು ಓಡಿಸುವವರೇ. ಮಕ್ಕಳ ನಗು ಹತ್ತಿರದಿಂದ ಕೇಳಬೇಕೆಂದು ಡಿಶ್ಶಿನ ಚಾಚಿದ ಕೈಯ ಮೇಲೆಯೇ ಬಂದು ಕೂತಳು. ಕೆಳಗೆ ಟಿವಿಯಲ್ಲಿ ಚಿತ್ರ ಹೋಯಿತು. ಮಕ್ಕಳು ಹೋ ಎಂದು ಕೂಗಿದರು.

"ಕೇಳಿದೆಯಾ, ನನಗೆ ಜೈಕಾರ!"

"ಜೈಕಾರವಲ್ಲ ತಾಯಿ, ಅಳು. ನಿನ್ನ ಪಾಠಕ್ಕೆ ನೀನೇ ಅಡ್ಡ ಕೂತಿದ್ದೀಯ."

"ಎದ್ದು ಹೋದರೆ ನನ್ನನ್ನು ಯಾರು ನೋಡುತ್ತಾರೆ?"

"ಕೊಡುವವನು ಮೇಲಿದ್ದಾನೆ. ನಾವು ದಾರಿ ಬಿಟ್ಟರೆ ಸಾಕು."

ಕಾಗೆ ಒಲ್ಲದ ಮನಸ್ಸಿನಿಂದ ನುಗ್ಗೆಮರಕ್ಕೆ ಹಾರಿದಳು. ಚಿತ್ರ ಮರಳಿತು. ಪುಟಾಣಿಗಳೆಲ್ಲ ಎದ್ದು ತೋಳು ಬಡಿಯುತ್ತ, ನಗುತ್ತ, "ಕಾ! ಕಾ!" ಎಂದು ಕರೆದರು.

ತಿಥಿಯಿಲ್ಲದ ದಿನ ಬಂದ ಮೊದಲ ಕರೆ ಅದು. ಕಾಗೆಯೂ ಗಂಟಲೆತ್ತಿ ಓಗೊಟ್ಟಳು. ಸ್ವಾಮಿಗೆ ಅದು ಮಂಗಳಾರತಿಯ ಹಾಡಿನಂತೆಯೇ ಕೇಳಿಸಿರಬೇಕು.