ಅಪ್ಪನ ಮಣೆ

ನದೀತೀರದ ಒಂದು ಆಶ್ರಮದಲ್ಲಿ ವಾದಿರಾಜನೆಂಬ ಶಿಷ್ಯನಿದ್ದ. ಅವನ ಅಪ್ಪ ಸತ್ತು ವರ್ಷ ತುಂಬುತ್ತಿತ್ತು.

ಅಪ್ಪ ಊಟಕ್ಕೆ ಕೂತರೆ ಇಡೀ ಮನೆ ಉಸಿರು ಬಿಗಿಹಿಡಿಯುತ್ತಿತ್ತು. ಸಾರಿಗೆ ಉಪ್ಪು ಚೂರು ಕಡಿಮೆಯಾದರೂ ಎಲೆ ಅಂಗಳಕ್ಕೆ, ಸೌಟು ಮಗನ ಬೆನ್ನಿಗೆ. 'ಚೆನ್ನಾಗಿದೆ' ಎಂಬ ಮಾತು ಆ ಬಾಯಿಂದ ಒಮ್ಮೆಯೂ ಬಂದದ್ದಿಲ್ಲ.

ಸಾವಿನ ಸುದ್ದಿ ಬಂದ ದಿನ ವಾದಿರಾಜ ಪೀಡೆ ತೊಲಗಿತು ಎಂದಿದ್ದ. ಅಂದಿನಿಂದ ಅವನಿಗೆ ಅನ್ನ ಸೇರುತ್ತಿರಲಿಲ್ಲ.

ವರ್ಷದ ಶ್ರಾದ್ಧಕ್ಕೆ ಅಡುಗೆ ತಾನೇ ಮಾಡುತ್ತೇನೆಂದ. ಸತ್ತ ಅಪ್ಪನ ಸ್ಥಾನದಲ್ಲಿ ಗುರುಗಳೇ ಕೂತು ಉಣ್ಣಬೇಕೆಂದು ಬೇಡಿಕೊಂಡ.

"ನಾನೇ ಯಾಕೋ? ಊರಲ್ಲಿ ಉಣ್ಣುವ ಬ್ರಾಹ್ಮಣರಿಗೆ ಬರ ಬಂತೇ?"

"ಊಟವಾದ ಮೇಲೆ ತೃಪ್ತಿಯಾಯಿತೇ ಎಂದು ಕೇಳುವ ಕ್ರಮವಿದೆಯಲ್ಲ. ಕೂತವರು ಆಯಿತು ಎನ್ನಬೇಕು. ನೀವು ಹೇಳಿದರೆ ನಂಬುತ್ತೇನೆ, ಗುರುಗಳೇ."

ಗುರುಗಳು ಅವನನ್ನೇ ನೋಡಿ, ಆಗಲಿ ಎಂದರು.

ಶ್ರಾದ್ಧದ ಅಡುಗೆಯ ರುಚಿ ನೋಡುವಂತಿಲ್ಲ. ವಾದಿರಾಜ ಉಪ್ಪನ್ನು ಅಳೆದು, ಮರಳಿ ಸುರಿದು, ಮತ್ತೆ ಅಳೆದ. ಕಟ್ಟಿಗೆ ತಂದುಹಾಕುತ್ತಿದ್ದ ಜೊತೆಯ ಶಿಷ್ಯ ಕಂಡು ನಕ್ಕ.

"ಸತ್ತವರು ಸೌಟು ಎತ್ತುವುದಿಲ್ಲ ಮಾರಾಯ."

ಗುರುಗಳು ಮಣೆಯ ಮೇಲೆ ಕೂತು, ಎಲೆಯಲ್ಲಿ ಒಂದಗುಳೂ ಬಿಡದೆ ಉಂಡರು. ವಾದಿರಾಜ ಕೈಮುಗಿದು ಕೇಳಿದ.

"ತೃಪ್ತಿಯಾಯಿತೇ?"

ಗುರುಗಳು ಸುಮ್ಮನಿದ್ದರು.

ಮತ್ತೆ ಕೇಳಿದ. ಅವನ ಬೆನ್ನು ತಾನಾಗಿಯೇ ಬಾಗಿತು.

"ಉಪ್ಪು ಕಡಿಮೆಯಾಯಿತೇ?" ಎಂದ. ಮೂವತ್ತು ದಾಟಿದವನ ದನಿ ಎಳೆಯ ಹುಡುಗನದಾಗಿತ್ತು.

ಗುರುಗಳು ಮಣೆ ಬಿಟ್ಟು ಎದ್ದರು. ಕೈತೊಳೆದು ಬಂದು ಬರಿನೆಲದ ಮೇಲೆ ಕೂತರು.

"ಅಡುಗೆ ಚೆನ್ನಾಗಿತ್ತು. ಇದು ನನ್ನ ಮಾತು."

ಮಣೆಯ ಮೇಲಿದ್ದಾಗಲೇ ಹೇಳಬೇಕಿತ್ತು, ಶಾಸ್ತ್ರ ಇರುವುದೇ ಹಾಗೆ ಎಂದು ವಾದಿರಾಜ ವಾದಿಸಿದ.

"ಬದುಕಿದ್ದಾಗ ಅವನು ಆಡದ ಮಾತನ್ನು ಅವನ ಮಣೆಯ ಮೇಲೆ ಕೂತು ನಾನು ಆಡಲಾರೆ. ಶಾಸ್ತ್ರ ತಪ್ಪಿದ ಪಾಪ ನನಗಿರಲಿ."

ವಾದಿರಾಜ ಎಂಜಲೆಲೆ ಎತ್ತಲು ಬಗ್ಗಿದವನು ಅಲ್ಲೇ ಕುಸಿದ. ವರ್ಷದಿಂದ ತಡೆದದ್ದು ಕಟ್ಟೆಯೊಡೆಯಿತು.

"ಆ ಮನುಷ್ಯ ಸತ್ತನೆಂದು ನನಗೆ ದುಃಖವಿಲ್ಲ, ಗುರುಗಳೇ. ಮತ್ತೆ ಈ ಅಳು ಯಾರಿಗೆ?"

"ಅವನ ಬಾಯಲ್ಲಿ ಹುಟ್ಟದೇ ಹೋದ ಮಾತಿಗೆ. ಹುಟ್ಟದೇ ಹೋದದ್ದಕ್ಕೆ ಯಾವ ಶಾಸ್ತ್ರದಲ್ಲೂ ಶ್ರಾದ್ಧವಿಲ್ಲ, ಮಗು."